ಆಲೂಗಡ್ಡೆ ಹಿಂಡಿ, ಆಮೇಲೆ ಮಾತಾಡೋಣ

ಬರ್ಲಿನ್‌ನ ನಮ್ಮ ಮನೆಗೆ ಬಂದು "ನಾನೇ ಮಾಡ್ತೀನಿ ಬಿಡಿ" ಅಂದವರಲ್ಲಿ ಮೂವರು ಕಾರ್ಟೋಫೆಲ್‌ಪುಫರ್ ಹಾಳು ಮಾಡಿದ್ದಾರೆ. ಹೊರಗೆ ಕಪ್ಪು, ಒಳಗೆ ಹಸಿ ಗಂಜಿ. ಮೂವರದ್ದೂ ಒಂದೇ ತಪ್ಪು: ನೀರು ಹಿಂಡಲಿಲ್ಲ.

ಪುಫರ್ ಅಂದರೆ ಹಸಿ ಆಲೂಗಡ್ಡೆ ತುರಿದು ಎಣ್ಣೆಯಲ್ಲಿ ಕಾಯಿಸುವ ಜರ್ಮನ್ ರೊಟ್ಟಿ. ಯುರೋಪಿನ ಯಹೂದಿಗಳು ಹನುಕ್ಕಾ ಹಬ್ಬಕ್ಕೆ ಮಾಡುವ ಲಾಟ್ಕೆ ಇದಕ್ಕೆ ತಂಗಿ ಇದ್ದ ಹಾಗೆ. ಇನ್ನು ಇಸ್ರೇಲಿನ ತಿಂಡಿ ಸಬೀಖ್, ಇರಾಕಿನಿಂದ ಅಲ್ಲಿಗೆ ಹೋದ ಯಹೂದಿಗಳದ್ದು. ಪಿಟಾ ಬ್ರೆಡ್ಡಿನೊಳಗೆ ಕರಿದ ಬದನೆಕಾಯಿ, ಬೇಯಿಸಿದ ಮೊಟ್ಟೆ, ತಹಿನಿ ಅನ್ನುವ ಎಳ್ಳಿನ ಪೇಸ್ಟ್, ಸಲಾಡ್. ನಾವು ಪಿಟಾ ಬಿಟ್ಟು, ಅದರ ಜಾಗದಲ್ಲಿ ಪುಫರ್ ಇಡುತ್ತೇವೆ. ನಾಲ್ಕು ಜನರ ಮಧ್ಯಾಹ್ನದ ಊಟಕ್ಕೆ ಧಾರಾಳ.

ಮೊದಲು ಆಲೂಗಡ್ಡೆ, 1 ಕಿಲೋ. ಜರ್ಮನಿಯಲ್ಲಿ ಚೀಲದ ಬಣ್ಣ ನೋಡಿ ಕೊಳ್ಳಬೇಕು. ಹಸಿರು ಬೇಡ, ಅದು ಬೆಂದರೂ ಗಟ್ಟಿಯಾಗಿ ಉಳಿಯುವ ಸಲಾಡ್ ಜಾತಿ. ನೀಲಿ ಚೀಲದ್ದು ಹಿಟ್ಟುಹಿಟ್ಟು, ಅದನ್ನೇ ತನ್ನಿ. ಪುಡಿ ಪ್ಯಾಕೆಟ್ಟಿನಲ್ಲಿ ಸಿಗುವ ರೆಡಿ ಪುಫರ್ ಮಿಕ್ಸ್ ಕಡೆ ತಿರುಗಿಯೂ ನೋಡಬೇಡಿ, ಒದ್ದೆ ರಟ್ಟಿನ ರುಚಿ.

ಸಿಪ್ಪೆ ತೆಗೆದು, ಒಂದು ಈರುಳ್ಳಿ ಜತೆ ತುರಿಯಿರಿ. ಈಗ ಉಪ್ಪು ಹಾಕಲೇಬೇಡಿ. ಹಾಕಿದರೆ ನೀವು ಹಿಂಡಿದಷ್ಟೂ ಅದು ನೀರು ಬಿಡುತ್ತಲೇ ಇರುತ್ತದೆ. ತುರಿಯನ್ನು ಹಳೆಯ ಪಂಚೆ ತುಂಡಿಗೆ ಹಾಕಿ, ಕಾಲು ಭಾಗದಷ್ಟೇ ಒಂದು ಸಲಕ್ಕೆ, ಗಂಟು ಕಟ್ಟಿ ಪಾತ್ರೆಯ ಮೇಲೆ ತಿರುಚಿ. ಕೈ ನೋವಾಗಬೇಕು. ಸಾಕು ಅನಿಸಿದ ಮೇಲೆ ಗಂಟು ಬಿಚ್ಚಿ, ತುರಿ ಉದುರಿಸಿ, ಮತ್ತೆ ಕಟ್ಟಿ ಇನ್ನೊಂದು ಸಲ ಹಿಂಡಿ, ಈ ಎರಡನೇ ಸಲವೂ ಒಂದಿಷ್ಟು ನೀರು ಬರುತ್ತದೆ, ಅಲ್ಲೇ ಎಲ್ಲರೂ ಸೋಲೋದು. ಹಿಂಡಿದ ತುರಿ ಮುಷ್ಟಿಯಲ್ಲಿ ಒತ್ತಿದರೆ ಹನಿ ಬೀಳಬಾರದು.

ಆ ನೀರನ್ನು ಸಿಂಕಿಗೆ ಸುರಿಯಬೇಡಿ! ಹತ್ತು ನಿಮಿಷ ಅಲ್ಲಾಡಿಸದೆ ಬಿಡಿ. ಹಲ್ವಾಕ್ಕೆ ಗೋಧಿ ಹಾಲು ತಿಳಿಯಾಗುತ್ತದಲ್ಲ, ಹಾಗೆ ಕಂದು ನೀರು ಮೇಲೆ ನಿಂತು ತಳದಲ್ಲಿ ಬಿಳಿ ಪಿಷ್ಟ ಗಟ್ಟಿಯಾಗಿ ಕೂತಿರುತ್ತದೆ. ನೀರು ಬಗ್ಗಿಸಿ, ಪಿಷ್ಟ ಕೆರೆದು ತುರಿಗೆ ಸೇರಿಸಿ. ಇದು ಹಿಡಿದುಕೊಂಡರೆ ಮೈದಾ ಎರಡು ಚಮಚ ಸಾಕು. ಎರಡು ಮೊಟ್ಟೆ, ಸ್ವಲ್ಪ ಜಾಯಿಕಾಯಿ, ಕೊನೆಯಲ್ಲಿ ಉಪ್ಪು, ಕೂಡಲೇ ಬಾಣಲೆಗೆ. ಎಣ್ಣೆ ಅರ್ಧ ಸೆಂಟಿಮೀಟರ್ ಇರಲಿ, ಒಂದು ಎಳೆ ತುರಿ ಹಾಕಿದರೆ ಚುರ್ ಅನ್ನಬೇಕು. ತೆಳ್ಳಗೆ ತಟ್ಟಿ, ಒಂದೊಂದು ಬದಿ ಮೂರು ನಾಲ್ಕು ನಿಮಿಷ. ಪೇಪರ್ ಮೇಲೆ ಪೇರಿಸಿಟ್ಟರೆ ಹಬೆಗೆ ಮೆತ್ತಗಾಗುತ್ತದೆ, ಜಾಲರಿ ಮೇಲಿಡಿ.

ಬದನೆಕಾಯಿ ಬಿಲ್ಲೆ ಕರಿದು, ನಾಲ್ಕು ಮೊಟ್ಟೆ ಬೇಯಿಸಿ, ಸೌತೆ ಟೊಮೆಟೊ ಕೋಸಂಬರಿಗಿಂತ ಸಣ್ಣಗೆ ಹೆಚ್ಚಿ ನಿಂಬೆರಸ ಹಿಂಡಿ.

ತಹಿನಿ ಬರ್ಲಿನ್‌ನ ಜೊನೆನಾಲೆ ಬೀದಿಯ ಅರಬ್ ಅಂಗಡಿಗಳಲ್ಲಿ ಒಳ್ಳೇದು ಸಿಗುತ್ತದೆ. 100 ಗ್ರಾಂಗೆ ಅರ್ಧ ನಿಂಬೆ, ಒಂದು ಬೆಳ್ಳುಳ್ಳಿ ಎಸಳು, ಉಪ್ಪು. ನಿಂಬೆ ಬಿದ್ದ ಕೂಡಲೇ ಕಲ್ಲಾಗುತ್ತದೆ, ಕೆಟ್ಟಿತು ಅಂತ ಎಸೆದವರನ್ನೂ ನೋಡಿದ್ದೇನೆ. ತಣ್ಣೀರು ಚಮಚ ಚಮಚವಾಗಿ ಹಾಕಿ ಕಲಸುತ್ತಾ ಹೋಗಿ, ಬೆಳ್ಳಗೆ ದೋಸೆ ಹಿಟ್ಟಿನ ಹದಕ್ಕೆ ಬರುತ್ತದೆ.

ಸಬೀಖ್ ಮೇಲೆ ಸುರಿಯುವ ಅಂಬಾ ಮಾವಿನಕಾಯಿ ಉಪ್ಪಿನಕಾಯಿಯೇ, ಹೆಸರೂ ನಮ್ಮ ಕಡೆಯದ್ದೇ, ಮರಾಠಿಯ ಆಂಬಾ. ಸಿಗದಿದ್ದರೆ ಊರಿಂದ ತಂದ ಉಪ್ಪಿನಕಾಯಿ ರಸಕ್ಕೆ ಅರಿಶಿನ, ಮೆಂತ್ಯದ ಪುಡಿ ಬೆರೆಸಿ.

ಪುಫರ್, ಬದನೆ, ಮೊಟ್ಟೆ, ತಹಿನಿ, ಸಲಾಡ್, ಅಂಬಾ, ಜತೆಗೆ ಒಂದಿಷ್ಟು ಸಾವರ್‌ಕ್ರೌಟ್, ಅಂದರೆ ಹುಳಿ ಬರಿಸಿದ ಎಲೆಕೋಸು. ಅದನ್ನೂ ಹಿಂಡಿಯೇ ಹಾಕಿ. ಜರ್ಮನ್ನರು ಪುಫರ್‌ಗೆ ಸೇಬಿನ ಗೊಜ್ಜು ಇಡುತ್ತಾರೆ, ಇವತ್ತು ಅದು ಬೇಡವೇ ಬೇಡ. ಮಿಕ್ಕಿದ್ದನ್ನು ಮೈಕ್ರೋವೇವ್‌ಗೆ ತುರುಕಬೇಡಿ, ಒಣ ಕಾವಲಿ ಮೇಲೆ ಎರಡು ನಿಮಿಷ ಮಗುಚಿ ತಿನ್ನಿ.