ದೊಡ್ಡ ದಿನಕ್ಕೆ ತಯಾರಾಗುವುದು ಹೇಗೆ?

"ಚೆನ್ನಾಗಿ ತಯಾರಿ ಮಾಡ್ಕೊ" ಅಂತ ಹೇಳುವವರಿಗೆ ಬರವಿಲ್ಲ. ಹೇಗೆ ಅಂತ ತಿರುಗಿ ಕೇಳಿದರೆ ಮಾತ್ರ ಉತ್ತರ ಬರುವುದು ಕಷ್ಟ. ಹಾಗಾಗಿ ಪರೀಕ್ಷೆಯೋ, ಸಂದರ್ಶನವೋ, ವೇದಿಕೆ ಮೇಲಿನ ಮಾತೋ, ಏನೇ ಬಂದರೂ ನಾವು ಸುಲಭದ್ದನ್ನೇ ಹಿಡಿದು ಕೂರುತ್ತೇವೆ. ಬರುವ ಪಾಠವನ್ನೇ ಮತ್ತೆ ಓದುತ್ತೇವೆ. ನೋಟ್ಸ್ ತುಂಬ ಬಣ್ಣದ ಗೆರೆ ಎಳೆಯುತ್ತೇವೆ. ಸ್ಲೈಡಿನ ಅಕ್ಷರ ದೊಡ್ಡದು ಮಾಡಿ, ಚಿಕ್ಕದು ಮಾಡಿ ಅರ್ಧ ದಿನ ಕಳೆಯುತ್ತೇವೆ. ಮನಸ್ಸಿಗೇನೋ ಸಮಾಧಾನ. ಆದರೆ ಆ ದಿನ ಎಲ್ಲಿ ಕೈಕೊಡುತ್ತದೆ ಅನ್ನೋದು ಗೊತ್ತಾಗಿರುವುದಿಲ್ಲ. ತಯಾರಿಯ ಮುಖ್ಯ ಕೆಲಸವೇ ಆ ಜಾಗವನ್ನು ಮೊದಲೇ ಹುಡುಕುವುದು. ಅದನ್ನು ಹೀಗೆ ಮಾಡಬಹುದು.

1. ಆ ದಿನ ಏನು ಮಾಡಬೇಕು, ಬರೆಯಿರಿ

"ಸಂದರ್ಶನಕ್ಕೆ ರೆಡಿಯಾಗಬೇಕು" ಅಂತ ಬರೆದರೆ ಏನೂ ಬರೆದ ಹಾಗಲ್ಲ. "ಗುರುತಿಲ್ಲದ ಮೂವರ ಮುಂದೆ ಕೂತು, ಕಾಗದ ನೋಡದೆ, ನಾನು ಮಾಡಿದ ಕೆಲಸವನ್ನು ಎರಡು ನಿಮಿಷದಲ್ಲಿ ಹೇಳಬೇಕು" ಅಂತ ಬರೆಯಿರಿ. ಇಷ್ಟು ಬರೆದ ತಕ್ಷಣ ಅಭ್ಯಾಸ ಏನು ಮಾಡಬೇಕು ಅನ್ನೋದು ತಾನಾಗಿಯೇ ಕಾಣುತ್ತದೆ. ಬಾಯಿಬಿಟ್ಟು ಹೇಳಬೇಕಾದ ಕೆಲಸಕ್ಕೆ ಮನಸ್ಸಲ್ಲೇ ಓದಿಕೊಂಡರೆ ಸಾಲದು.

2. ದಿನಗಳನ್ನು ಹಿಂದಿನಿಂದ ಎಣಿಸಿ

ಕೊನೆಯ ತಾರೀಕಿನಿಂದ ಶುರು ಮಾಡಿ ಇವತ್ತಿನವರೆಗೆ ಹಿಂದಕ್ಕೆ ಬನ್ನಿ. ಯಾವ ಕೆಲಸಕ್ಕೆ ಎಷ್ಟು ದಿನ ಬೇಕು ಅಂತ ಬರೆಯುವಾಗ ನಿಮ್ಮ ಅಂದಾಜನ್ನು ನಂಬಬೇಡಿ. 1994ರಲ್ಲಿ ಪ್ರಕಟವಾದ ಕೆನಡಾದ ಒಂದು ಅಧ್ಯಯನದಲ್ಲಿ, ಪ್ರಬಂಧ ಮುಗಿಸಲು ಎಷ್ಟು ದಿನ ಬೇಕು ಅಂತ ವಿದ್ಯಾರ್ಥಿಗಳನ್ನು ಕೇಳಿದರು. ಸರಾಸರಿ 34 ದಿನ ಅಂದರು. ಎಲ್ಲವೂ ಕೆಟ್ಟು ಕೂತರೆ? 49 ದಿನ ಅಂದರು. ನಿಜಕ್ಕೂ ಹಿಡಿದದ್ದು 55 ದಿನಕ್ಕೂ ಜಾಸ್ತಿ! ಅಂದರೆ ಅವರು ಊಹಿಸಿದ ಅತಿ ಕೆಟ್ಟ ಪರಿಸ್ಥಿತಿಗಿಂತಲೂ ವಾಸ್ತವ ತಡವಾಗಿತ್ತು.

ಉಪಾಯ ಸರಳ. "ಎಷ್ಟು ದಿನ ಬೇಕಾಗಬಹುದು" ಅಂತ ಕೇಳಿಕೊಳ್ಳುವ ಬದಲು "ಹೋದ ಸಲ ಎಷ್ಟು ದಿನ ಹಿಡಿಯಿತು" ಅಂತ ಕೇಳಿಕೊಳ್ಳಿ. ಆ ಲೆಕ್ಕವನ್ನೇ ಹಾಕಿ. ಈ ಸಲ ಬೇಗ ಮುಗಿಸುತ್ತೇನೆ ಅಂತ ಅನ್ನಿಸುವುದು ಸಹಜ, ಹೋದ ಸಲವೂ ಹಾಗೇ ಅನ್ನಿಸಿತ್ತು ಅಲ್ವಾ?

3. ಪುಸ್ತಕ ಮುಚ್ಚಿ

ಓದಿದ್ದನ್ನೇ ಮತ್ತೆ ಓದಿದರೆ ಎಲ್ಲಾ ಬರುತ್ತದೆ ಅನ್ನಿಸುತ್ತದೆ. 2006ರಲ್ಲಿ ಅಮೆರಿಕದ ಇಬ್ಬರು ಮನೋವಿಜ್ಞಾನಿಗಳು, ರೋಡಿಗರ್ ಮತ್ತು ಕಾರ್ಪಿಕೆ, ಇದನ್ನು ಪರೀಕ್ಷಿಸಿದರು. ವಿದ್ಯಾರ್ಥಿಗಳು ಒಂದು ಪಾಠವನ್ನು ಎರಡು ಸಲ ಓದಿದರು. ಇನ್ನೊಂದು ಪಾಠವನ್ನು ಒಂದು ಸಲ ಓದಿ, ಎರಡನೇ ಸಲ ಓದುವ ಬದಲು ನೆನಪಿದ್ದಷ್ಟನ್ನು ಬರೆದರು. ಐದು ನಿಮಿಷದ ನಂತರ ಕೇಳಿದರೆ ಎರಡು ಸಲ ಓದಿದ ಪಾಠವೇ ಹೆಚ್ಚು ನೆನಪಿತ್ತು. ಒಂದು ವಾರ ಬಿಟ್ಟು ಕೇಳಿದಾಗ ತಲೆಕೆಳಗಾಯಿತು. ಎರಡು ಸಲ ಓದಿದ್ದರಲ್ಲಿ ಶೇ 42ರಷ್ಟು ನೆನಪಿತ್ತು, ಬರೆದು ನೋಡಿದ್ದರಲ್ಲಿ ಶೇ 56.

ಹಾಗಾಗಿ ಒಂದು ಪಾಠ ಮುಗಿದ ಕೂಡಲೇ ಖಾಲಿ ಹಾಳೆ ತೆಗೆದುಕೊಳ್ಳಿ. ಪೆನ್ನು ನಿಂತ ಜಾಗವನ್ನು ಗುರುತು ಮಾಡಿ. ನಾಳೆ ಓದಬೇಕಾದದ್ದು ಅದನ್ನು. ಇದರಲ್ಲಿ ಖುಷಿ ಕಡಿಮೆ, ಒಪ್ಪುತ್ತೇನೆ. ನಮ್ಮ ದಡ್ಡತನ ನಮಗೇ ಕಾಣುವುದು ಯಾರಿಗೆ ಇಷ್ಟ?

4. ಕೆಟ್ಟು ಹೋಗುವುದನ್ನೂ ಅಭ್ಯಾಸ ಮಾಡಿ

ನನ್ನನ್ನು ಕೇಳಿದರೆ ಉಳಿದ ಎಲ್ಲ ಹಂತಗಳಿಗಿಂತ ಇದೇ ಮುಖ್ಯ. ಜನ ಬಿಟ್ಟುಬಿಡುವುದೂ ಇದನ್ನೇ.

1969ರ ಜುಲೈ 20ರಂದು ಅಪೊಲೊ 11ರ ನೌಕೆ ಚಂದ್ರನ ಮೇಲೆ ಇಳಿಯುತ್ತಿತ್ತು. ನೆಲ ಹತ್ತಿರವಾಗುತ್ತಿರುವಾಗ ಕಂಪ್ಯೂಟರ್ 1202 ಅನ್ನುವ ಅಲಾರಂ ಕೊಟ್ಟಿತು. ಅದೇನು ಅಂತ ನೌಕೆಯೊಳಗಿದ್ದ ನೀಲ್ ಆರ್ಮ್‌ಸ್ಟ್ರಾಂಗ್ ಭೂಮಿಯನ್ನು ಕೇಳಿದರು. ಕೆಲವೇ ಸೆಕೆಂಡುಗಳಲ್ಲಿ ಉತ್ತರ ಹೋಯಿತು: ಮುಂದುವರಿಯಿರಿ.

ಅಷ್ಟು ಬೇಗ ಹೇಗೆ ಹೇಳಿದರು? ಉಡಾವಣೆಗೆ ಕೆಲವೇ ದಿನ ಮೊದಲು ಅಣಕು ಇಳಿಯುವಿಕೆ ನಡೆದಿತ್ತು. ತರಬೇತಿ ತಂಡದವರು ಬೇಕೆಂದೇ ಅಂಥದ್ದೇ ಒಂದು ಅಲಾರಂ ಹಾಕಿದ್ದರು. ಆಗ ನಿಯಂತ್ರಣ ಕೊಠಡಿಯಲ್ಲಿದ್ದ ಸ್ಟೀವ್ ಬೇಲ್ಸ್, ಇಳಿಯುವುದನ್ನು ನಿಲ್ಲಿಸಿ ಅಂದುಬಿಟ್ಟಿದ್ದರು. ಆಮೇಲೆ ನೋಡಿದರೆ ನಿಲ್ಲಿಸುವ ಅಗತ್ಯವೇ ಇರಲಿಲ್ಲ. ಕಂಪ್ಯೂಟರಿಗೆ ಕೆಲಸ ಜಾಸ್ತಿಯಾಗಿದೆ, ಮುಖ್ಯವಾದದ್ದನ್ನು ಮಾತ್ರ ಮಾಡುತ್ತಿದೆ ಅನ್ನುವುದಷ್ಟೇ ಆ ಅಲಾರಂನ ಅರ್ಥ. ನಿಯಂತ್ರಣ ತಂಡದ ಮುಖ್ಯಸ್ಥ ಜೀನ್ ಕ್ರಾಂಜ್ ಇಂಥ ಅಲಾರಂಗಳನ್ನೆಲ್ಲ ಪಟ್ಟಿ ಮಾಡಿ ಅಂದರು. ಜಾಕ್ ಗಾರ್ಮನ್ ಅನ್ನುವ ಯುವ ಎಂಜಿನಿಯರ್, ಯಾವುದಕ್ಕೆ ನಿಲ್ಲಿಸಬೇಕು, ಯಾವುದಕ್ಕೆ ಬೇಡ ಅಂತ ಕೈಯಲ್ಲೇ ಬರೆದಿಟ್ಟುಕೊಂಡರು. ಅಲಾರಂ ನಿಜವಾಗಿ ಬಂದ ದಿನ ಆ ಹಾಳೆ ಅವರ ಬಳಿ ಇತ್ತು.

ನಮ್ಮ ಕೆಲಸ ಚಂದ್ರಯಾನವಲ್ಲ, ಸರಿ. ಆದರೂ ಹೀಗೆ ಮಾಡಬಹುದು. "ಆ ದಿನ ಮುಗಿದಿದೆ, ಎಲ್ಲಾ ಕೆಟ್ಟುಹೋಗಿದೆ" ಅಂತ ಅಂದುಕೊಂಡು ಯಾಕೆ ಕೆಟ್ಟಿತು ಅಂತ ಬರೆಯಿರಿ. ವೇದಿಕೆ ಮೇಲೆ ಮಾತಾಡುವವರಿಗೆ ಇಂಥವು ಬರಬಹುದು: ಲ್ಯಾಪ್‌ಟಾಪಿನ ಕೇಬಲ್ ಅಲ್ಲಿನ ಪರದೆಗೆ ಹೊಂದುವುದಿಲ್ಲ. ಫೈಲ್ ತೆರೆದರೆ ಕನ್ನಡ ಅಕ್ಷರದ ಬದಲು ಚೌಕಗಳು ಕಾಣುತ್ತವೆ. ಅರ್ಧ ಗಂಟೆ ಅಂದಿದ್ದವರು ಹತ್ತೇ ನಿಮಿಷದಲ್ಲಿ ಮುಗಿಸಿ ಅನ್ನುತ್ತಾರೆ. ಒಂದೊಂದರ ಮುಂದೆಯೂ "ಹೀಗಾದರೆ ಹೀಗೆ ಮಾಡುತ್ತೇನೆ" ಅಂತ ಒಂದು ಸಾಲು ಬರೆಯಿರಿ. ಚೌಕಗಳಿಗೆ ಪಿಡಿಎಫ್ ಪ್ರತಿ ಇರಲಿ. ಹತ್ತು ನಿಮಿಷಕ್ಕೆ, ಯಾವ ಮೂರು ಸ್ಲೈಡ್ ಉಳಿಸಿಕೊಳ್ಳಬೇಕು ಅಂತ ಮೊದಲೇ ಗುರುತು ಮಾಡಿ. ಆಮೇಲೆ ಸ್ಲೈಡೇ ಇಲ್ಲದೆ ಎದ್ದು ನಿಂತು, ಗಡಿಯಾರ ಇಟ್ಟುಕೊಂಡು, ಗಟ್ಟಿಯಾಗಿ ಒಂದು ಸಲ ಹೇಳಿ. ಕೇಳಲು ಒಬ್ಬರನ್ನು ಕೂರಿಸಿಕೊಳ್ಳಿ. ನಡುವೆ ತಡೆದು ಪ್ರಶ್ನೆ ಕೇಳುವ ಸ್ವಭಾವದವರಾದರೆ ಇನ್ನೂ ಒಳ್ಳೆಯದು.

5. ದಾರಿ ತಪ್ಪಿದರೂ ಸಿಗುವ ಹಾಗಿರಲಿ

1911ರ ಡಿಸೆಂಬರ್ 14ರಂದು ದಕ್ಷಿಣ ಧ್ರುವ ತಲುಪಿದ ರೋಲ್ಡ್ ಅಮುಂಡ್‌ಸೆನ್, ಹೊರಡುವ ಮೊದಲೇ ದಾರಿಯಲ್ಲಿ ಆಹಾರ ಕೂಡಿಟ್ಟಿದ್ದರು. ಹಿಮಗಾಳಿಯಲ್ಲಿ ದಾರಿ ತಪ್ಪಬಹುದು ಅಂತ, ಆ ಜಾಗದ ಎರಡೂ ಬದಿಗೆ ಕೆಲವು ಕಿಲೋಮೀಟರ್ ದೂರದವರೆಗೆ ಅಡ್ಡಸಾಲಿನಲ್ಲಿ ಬಾವುಟ ನೆಟ್ಟರು. ಪ್ರತಿ ಬಾವುಟಕ್ಕೂ ಗುರುತು. ಒಂದು ಸಿಕ್ಕಿದರೂ ಆಹಾರ ಯಾವ ಕಡೆ ಅಂತ ತಿಳಿಯುತ್ತಿತ್ತು. ಇದೇ ಅಮುಂಡ್‌ಸೆನ್ ಸೆಪ್ಟೆಂಬರಿನಲ್ಲಿ ಅವಸರಪಟ್ಟು ಹೊರಟು, ಚಳಿ ತಡೆಯಲಾರದೆ ವಾಪಸ್ ಬಂದಿದ್ದೂ ಉಂಟು. ಮತ್ತೆ ಹೊರಟಿದ್ದು ಅಕ್ಟೋಬರಿನಲ್ಲಿ.

ನಿಮ್ಮ ಬಾವುಟಗಳು ಚಿಕ್ಕವು. ಒಂದು ಗಂಟೆ ಮುಂಚೆ ತಲುಪುವ ಲೆಕ್ಕ, ಮುಖ್ಯ ಕಾಗದದ ಎರಡನೇ ಪ್ರತಿ, ಫೋನಿನ ಬ್ಯಾಟರಿ ಸತ್ತರೂ ಸಿಗುವಂತೆ ಕಾಗದದ ಮೇಲೆ ಬರೆದ ವಿಳಾಸ.

6. ಚಿಕ್ಕದ್ದಕ್ಕೆ ಪಟ್ಟಿ

1935ರಲ್ಲಿ ಬೋಯಿಂಗ್‌ನ ಒಂದು ಹೊಸ ವಿಮಾನ ಪ್ರಯೋಗದ ಹಾರಾಟದಲ್ಲೇ ಬಿತ್ತು. ಓಡಿಸಿದವರು ನುರಿತ ಪೈಲಟ್. ನಿಂತಿರುವಾಗ ರೆಕ್ಕೆ, ಬಾಲದ ಭಾಗಗಳು ಗಾಳಿಗೆ ಅಲುಗಾಡದಂತೆ ಹಾಕುವ ಲಾಕನ್ನು ತೆಗೆಯಲು ಮರೆತಿದ್ದರು. ಅದಾದ ಮೇಲೆ ಪೈಲಟ್‌ಗಳಿಗೆ ಚೆಕ್‌ಲಿಸ್ಟ್ ಬಂತು. ಪಟ್ಟಿ ಬೇಕಾಗುವುದು ಗೊತ್ತಿರುವ ಕೆಲಸಕ್ಕೇ, ಯಾಕೆಂದರೆ ಅದನ್ನೇ ನಾವು ಗಮನವಿಲ್ಲದೆ ಮಾಡುವುದು. ಒಂದೇ ಪುಟ ಸಾಕು.

7. ನಿಲ್ಲಿಸುವ ದಿನ ಗೊತ್ತು ಮಾಡಿ

ಇನ್ನೂ ತಯಾರಾಗಿಲ್ಲ ಅನ್ನುವುದು ಎಷ್ಟೋ ಸಲ ಬರೀ ನೆಪ. ಅರ್ಜಿ ಹಾಕದೆ, ಬರೆದದ್ದನ್ನು ಕಳಿಸದೆ ವರ್ಷಗಟ್ಟಲೆ "ತಯಾರಿ" ನಡೆಸುವವರು ಇದ್ದಾರೆ. ಒಂದು ತಾರೀಕು ಹಾಕಿ, ಅದಾದ ಮೇಲೆ ಹೊಸದೇನನ್ನೂ ಸೇರಿಸಬೇಡಿ. ಹಿಂದಿನ ರಾತ್ರಿ ನಿದ್ದೆಗೆಟ್ಟು ಓದುವುದು ಲಾಭದ ಕೆಲಸವಲ್ಲ, ನಿದ್ದೆ ಕಡಿಮೆಯಾದರೆ ನೆನಪು, ಗಮನ ಎರಡೂ ಮಂಕಾಗುತ್ತವೆ.

ಎಲ್ಲಾ ಮುಗಿದ ಸಂಜೆ ಇನ್ನೊಂದು ಹತ್ತು ನಿಮಿಷದ ಕೆಲಸ ಇದೆ. ಯಾವ ತಯಾರಿ ಉಪಯೋಗಕ್ಕೆ ಬಂತು, ಯಾವುದು ಸುಮ್ನೆ ಹೊರೆಯಾಯಿತು, ಯಾವ ಪ್ರಶ್ನೆಯನ್ನು ನೀವು ಊಹಿಸಿಯೇ ಇರಲಿಲ್ಲ, ಇಷ್ಟನ್ನು ಬರೆದಿಡಿ. ಫಲಿತಾಂಶ ಬರುವುದರೊಳಗೆ ಬರೆಯಿರಿ. ಗೆದ್ದ ಸುದ್ದಿ ಬಂದರೆ ಮಾಡಿದ್ದೆಲ್ಲ ಸರಿ ಅನ್ನಿಸುತ್ತದೆ, ಸೋತರೆ ಎಲ್ಲವೂ ತಪ್ಪು ಅನ್ನಿಸುತ್ತದೆ.