ಹಲ್ಲಿಯ ಹಿಡಿತ: ಗಾಜು, ಟೆಫ್ಲಾನ್, ಸ್ಯಾಂಡ್‌ಪೇಪರ್ ಮೇಲೆ ನಾನು ಪರೀಕ್ಷಿಸುವ ಬಗೆ

ಹಲ್ಲಿಯ ಪಾದದಲ್ಲಿ ಅಂಟಿಲ್ಲ. ಸುಮ್ಮನೆ ಮುಟ್ಟಿ ನೋಡಿದರೆ ಒಣಗಿದ ಮಖಮಲ್ಲು ಮುಟ್ಟಿದ ಹಾಗಿರುತ್ತದೆ. ಅದೇ ಪಾದವನ್ನು ಹಲ್ಲಿ ಗಾಜಿಗೆ ಒತ್ತಿ, ತಲೆಗೂದಲಿನ ದಪ್ಪದ ಹತ್ತನೇ ಒಂದು ಭಾಗದಷ್ಟೂ ಅಲ್ಲದ ದೂರ ತನ್ನ ಮೈಯತ್ತ ಎಳೆದುಕೊಂಡರೆ ಹಿಡಿತ ಬಿಗಿಯುತ್ತದೆ. ಹಲ್ಲಿಯ ಹಿಡಿತವೆಲ್ಲ ಹೀಗೆ ದಿಕ್ಕಿನ ಲೆಕ್ಕ. ಇದನ್ನು ಮರೆತು ಯಾವ ಮೇಲ್ಮೈಯನ್ನು ಪರೀಕ್ಷಿಸಿದರೂ ನಾವು ಅಳೆಯುವುದು ನಮ್ಮ ಕೈಯ ಎಳೆತವನ್ನು, ಹಲ್ಲಿಯ ಹಿಡಿತವನ್ನಲ್ಲ.

ಪಾದದ ರಚನೆ ಗೊತ್ತಿದ್ದರೆ ಮುಂದಿನದು ಸುಲಭ. ಬೆರಳಿನ ಅಡಿಯಲ್ಲಿ ಅಡ್ಡಡ್ಡ ಪಟ್ಟಿಗಳಿವೆ. ಮನೆಹಲ್ಲಿಯಲ್ಲಿ ಇವು ನಡುವೆ ಸೀಳಿ ಜೋಡಿಜೋಡಿಯಾಗಿರುತ್ತವೆ; ಹತ್ತು ಪಟ್ಟು ದೊಡ್ಡದಾಗಿ ತೋರಿಸುವ ಭೂತಗನ್ನಡಿ ಸಾಕು, ಸ್ಪಷ್ಟವಾಗಿ ಕಾಣುತ್ತದೆ. ಪ್ರತಿ ಪಟ್ಟಿಯ ಮೇಲೂ ಒತ್ತೊತ್ತಾಗಿ ಸೂಕ್ಷ್ಮ ರೋಮಗಳು, ಅಂದರೆ ಸೀಟಾಗಳು. ಹೆಚ್ಚು ಅಧ್ಯಯನವಾಗಿರುವುದು ದೊಡ್ಡ ಜಾತಿಯಾದ ತೋಕೇ ಹಲ್ಲಿಯದು. ಅದರ ಒಂದು ಪಾದದಲ್ಲಿ ಸುಮಾರು 5 ಲಕ್ಷ ಸೀಟಾ, ಒಂದೊಂದರ ಉದ್ದ ಸುಮಾರು 110 ಮೈಕ್ರೋಮೀಟರ್. ಪ್ರತಿ ಸೀಟಾದ ತುದಿ ನೂರಾರು ಕವಲಾಗಿ, ಕವಲಿನ ಕೊನೆಯಲ್ಲಿ ಸುಮಾರು 200 ನ್ಯಾನೋಮೀಟರ್ ಅಗಲದ ಚಪ್ಪಟೆ ಸಟ್ಟುಗ, ಅಂದರೆ ಸ್ಪ್ಯಾಚುಲಾ. ಜೀವವಿಜ್ಞಾನಿ ಕೆಲ್ಲರ್ ಆಟಮ್ ಮತ್ತು ಜೊತೆಗಾರರು 2000ದಲ್ಲಿ ಒಂದೇ ಸೀಟಾದ ಬಲ ಅಳೆದಾಗ ಸುಮಾರು 200 ಮೈಕ್ರೋನ್ಯೂಟನ್ ಬಂತು. 4 ಗ್ರಾಂ ತೂಕದ ಹಲ್ಲಿಯನ್ನು ಹೊರಲು, ಲೆಕ್ಕದ ಪ್ರಕಾರ, ಅಂಥ ಇನ್ನೂರು ಸೀಟಾ ಸಾಕು. ಮನೆಹಲ್ಲಿಯ ಸೀಟಾ ಇನ್ನೂ ಚಿಕ್ಕದಾದ್ದರಿಂದ ಇದು ಅಂದಾಜು ಮಾತ್ರ. ಆದರೂ ಹಲ್ಲಿಯ ಬಳಿ ಎಷ್ಟು ಹೆಚ್ಚುವರಿ ಬಲವಿದೆ ಎಂಬುದು ತಿಳಿಯುತ್ತದೆ.

ಹಿಡಿಯುವುದರಿಂದ ಶುರು ಮಾಡೋಣ, ಹೆಚ್ಚಿನ ತಪ್ಪು ಅಲ್ಲೇ ಆಗುವುದು. ಅಗಲ ಬಾಯಿಯ ಪಾರದರ್ಶಕ ಡಬ್ಬಿಯನ್ನು ಹಲ್ಲಿಯ ಮೇಲೆ ಕವುಚಿ, ಗೋಡೆಗೂ ಡಬ್ಬಿಗೂ ನಡುವೆ ಗಟ್ಟಿ ರಟ್ಟನ್ನು ನಿಧಾನ ತೂರಿಸುತ್ತೇನೆ. ಬಾಲ ಮುಟ್ಟಬಾರದು, ಕಳಚಿ ಬೀಳುತ್ತದೆ. ಗಾಜಿಗೆ ಕಚ್ಚಿಕೊಂಡ ಹಲ್ಲಿಯನ್ನು ಬಾಲದ ಕಡೆಗೆ ಎಳೆದರೆ ಬಿಡುವುದಿಲ್ಲ, ಇನ್ನಷ್ಟು ಬಿಗಿಯುತ್ತದೆ. ಆ ದಿಕ್ಕಿನ ಎಳೆತವೇ ಸೀಟಾಗಳನ್ನು ಕೂರಿಸುವುದು. ಬಲವಂತ ಮಾಡಿದರೆ ಬೆರಳಿನ ಚರ್ಮ ಹರಿಯುತ್ತದೆ. ಹಿಂದಿನಿಂದ ಮೆಲ್ಲಗೆ ಮುಂದಕ್ಕೆ ತಳ್ಳಿ, ತಾನೇ ಪಾದ ಎತ್ತುತ್ತದೆ. ಸೀಟಾ ಮೇಲ್ಮೈಯೊಂದಿಗೆ ಸುಮಾರು 30 ಡಿಗ್ರಿ ಕೋನ ದಾಟಿದರೆ ಕಳಚಿಕೊಳ್ಳುತ್ತದೆ. ಹಲ್ಲಿ ಬೆರಳನ್ನು ತುದಿಯಿಂದ ಮೇಲಕ್ಕೆ ಸುರುಳಿ ಸುತ್ತಿ ಎತ್ತುವುದು ಈ ಕೋನಕ್ಕಾಗಿಯೇ.

ಪೊರೆ ಬಿಡುವ ಹೊತ್ತಿನ ಹಲ್ಲಿಯನ್ನು ಪರೀಕ್ಷೆಗೆ ತೆಗೆದುಕೊಳ್ಳುವುದಿಲ್ಲ. ಮೈ ಮಂಕಾಗಿ ಬಿಳಿಚಿದ್ದರೆ, ಬೆರಳ ಸಂದಿಯಲ್ಲಿ ಹಳೆಯ ಚರ್ಮದ ಚೂರು ಸಿಕ್ಕಿಕೊಂಡಿದ್ದರೆ ಅಲ್ಲೇ ಬಿಟ್ಟುಬಿಡುತ್ತೇನೆ. ಕೋಣೆಯ ಉಷ್ಣತೆ 25ರಿಂದ 30 ಡಿಗ್ರಿ ಇರಲಿ, ತೇವಾಂಶವನ್ನು ಬರೆದಿಟ್ಟುಕೊಳ್ಳಿ. ತೇವಾಂಶ ಬದಲಾದರೆ ಹಿಡಿತವೂ ಬದಲಾಗುತ್ತದೆ. ಬೇರೆ ಬೇರೆ ದಿನದ ಫಲಿತಾಂಶ ಹೋಲಿಸುವಾಗ ಇದೇ ಎಡವಿಸುತ್ತದೆ. ಒಂದು ಹಲ್ಲಿಗೆ ದಿನಕ್ಕೆ ಆರು ಸುತ್ತಿಗಿಂತ ಹೆಚ್ಚು ಬೇಡ, ಸುತ್ತುಗಳ ನಡುವೆ ಹತ್ತು ನಿಮಿಷ ಬಿಡುವು. ದಣಿದ ಹಲ್ಲಿ ಪಾದ ಸರಿಯಾಗಿ ಇಡುವುದಿಲ್ಲ. ಮೇಲ್ಮೈ ಜಾರುತ್ತದೆ ಎಂದು ಆಗ ನಾವು ತಪ್ಪು ಬರೆದುಕೊಳ್ಳುತ್ತೇವೆ.

ನನ್ನ ಮುಖ್ಯ ಸಾಧನ ಒಂದು ಬಾಗುವ ಹಲಗೆ. 30 ಸೆಂಟಿಮೀಟರ್ ಚದರದ ಪ್ಲೈವುಡ್, ಒಂದು ಅಂಚಿಗೆ ಬಾಗಿಲಿನ ಕೀಲು, ಪಕ್ಕದಲ್ಲಿ ಕೋನಮಾಪಕ. ಪರೀಕ್ಷಿಸಬೇಕಾದ ಮೇಲ್ಮೈಯನ್ನು ನಾಲ್ಕು ಕ್ಲಿಪ್‌ಗಳಿಂದ ಅದರ ಮೇಲೆ ಬಿಗಿಯುವುದು. ಕೀಲನ್ನು ಮೇಜಿನ ಅಂಚಿನಿಂದ ಹೊರಗೆ ಚಾಚಿದ ಕಂಬಿಗೆ ಕೂರಿಸಿದರೆ ಹಲಗೆ ಪೂರ್ತಿ ತಲೆಕೆಳಗಾಗುವವರೆಗೆ ತಿರುಗುತ್ತದೆ. ಕೆಳಗೆ 30 ಸೆಂಟಿಮೀಟರ್ ಆಳದಲ್ಲಿ ನಾಲ್ಕು ಮಡಿಕೆಯ ಟವೆಲ್. ಸೆಕೆಂಡಿಗೆ ಸುಮಾರು 5 ಡಿಗ್ರಿಯಂತೆ ಎತ್ತುತ್ತೇನೆ. ಪಾದ ಮೊದಲು ಜಾರಿದ ಕೋನ ಒಂದು, ಹಲ್ಲಿ ಬಿದ್ದ ಕೋನ ಇನ್ನೊಂದು, ಎರಡನ್ನೂ ಬೇರೆಯಾಗಿ ಬರೆಯುತ್ತೇನೆ.

ಸಮತಟ್ಟಾದ ಹಲಗೆಯ ಮೇಲೆ ಹಲ್ಲಿಯನ್ನು ಇಟ್ಟು ತಕ್ಷಣ ಎತ್ತಲು ಶುರುಮಾಡುವುದು ಹೊಸಬರ ತಪ್ಪು. ಮಟ್ಟಸ ನೆಲದಲ್ಲಿ ಹಲ್ಲಿ ಅಂಟುಪಟ್ಟಿಗಳನ್ನು ಬಳಸುವುದೇ ಇಲ್ಲ, ಬೆರಳ ತುದಿ ಎತ್ತಿಕೊಂಡೇ ನಡೆಯುತ್ತದೆ. ಸಂಶೋಧಕರಾದ ರಸೆಲ್ ಮತ್ತು ಹೈಯಮ್ 2009ರಲ್ಲಿ ತೋರಿಸಿದ ಪ್ರಕಾರ ಈ ವ್ಯವಸ್ಥೆಯನ್ನು ಚಾಲೂ ಮಾಡುವುದು ನೆಲದ ಗುಣವಲ್ಲ, ಇಳಿಜಾರು. ಹಾಗಾಗಿ ಹಲಗೆಯನ್ನು ಮೊದಲೇ 30 ಡಿಗ್ರಿಗೆ ನಿಲ್ಲಿಸಿ, ಹಲ್ಲಿ ತಾನಾಗಿ ನಾಲ್ಕು ಹೆಜ್ಜೆ ಇಡುವವರೆಗೆ ಕಾದು, ಆಮೇಲೆ ಎತ್ತಿ.

ಶುದ್ಧ ಗಾಜನ್ನು ಎಲ್ಲದಕ್ಕೂ ಅಳತೆಗೋಲಾಗಿ ಇಟ್ಟುಕೊಳ್ಳುತ್ತೇನೆ. ಸೋಪುನೀರು, ಆಮೇಲೆ ಆಲ್ಕೋಹಾಲ್, ಆಮೇಲೆ ನೂಲು ಬಿಡದ ಬಟ್ಟೆ. ಒಂದು ಬೆರಳಚ್ಚು ಉಳಿದರೂ ಆ ಜಾಗದಲ್ಲಿ ಪಾದ ಜಾರಬಹುದು. ಆರೋಗ್ಯವಾದ ಹಲ್ಲಿ ಗಾಜಿನ ಮೇಲೆ ತಲೆಕೆಳಗಾಗಿ ನಿಲ್ಲಲೇಬೇಕು. ನಿಲ್ಲದಿದ್ದರೆ ದೋಷ ಹಲ್ಲಿಯಲ್ಲೋ ಒರೆಸಿದ್ದರಲ್ಲೋ ಇದೆ, ಆ ದಿನದ ಪರೀಕ್ಷೆ ಅಲ್ಲಿಗೇ ನಿಲ್ಲಿಸಿ.

ಟೆಫ್ಲಾನ್ ಮೇಲೆ ಹಲ್ಲಿ ಸೋಲುತ್ತದೆ. ಇಲ್ಲಿ ಕೆಲಸ ಮಾಡುವುದು ಮುಖ್ಯವಾಗಿ ವ್ಯಾನ್ ಡರ್ ವಾಲ್ಸ್ ಬಲ, ಅಣುಗಳು ತೀರ ಹತ್ತಿರ ಬಂದಾಗ ಒಂದನ್ನೊಂದು ಸೆಳೆಯುವ ದುರ್ಬಲ ಬಲ. ಫ್ಲೋರಿನ್ ಹೊದ್ದ ಟೆಫ್ಲಾನಿನ ಅಣುಗಳು ಆ ಸೆಳೆತಕ್ಕೆ ಬಹಳ ಕಡಿಮೆ ಓಗೊಡುತ್ತವೆ. ಪರೀಕ್ಷೆಗೆ ಬಳಸಿದ ನಾನ್‌ಸ್ಟಿಕ್ ಬಾಣಲೆ ಬೇಡ, ಅದರ ಗೀರುಗಳಿಗೆ ಉಗುರು ಸಿಕ್ಕುತ್ತದೆ. ನಲ್ಲಿಗೆ ಸುತ್ತುವ ಬಿಳಿ ಟೇಪು ಸುಕ್ಕಾಗುತ್ತದೆ, ಅಲ್ಲೂ ಉಗುರೇ ಗೆಲ್ಲುತ್ತದೆ. ಒಂದು ಮಿಲಿಮೀಟರ್ ದಪ್ಪದ ಹೊಸ ಟೆಫ್ಲಾನ್ ಹಾಳೆಯೇ ಸರಿ.

ಸ್ಯಾಂಡ್‌ಪೇಪರಿನಲ್ಲಿ ಬಹಳ ಜನ ದಾರಿ ತಪ್ಪುತ್ತಾರೆ. ಒರಟು ಹೆಚ್ಚಿದಷ್ಟೂ ಹಿಡಿತ ಹೆಚ್ಚು ಅಥವಾ ಕಡಿಮೆ ಎಂಬ ನೇರ ನಿಯಮವಿಲ್ಲ. 80ರ ನಂಬರಿನ ಹಾಳೆಯ ಕಣ ಸುಮಾರು 200 ಮೈಕ್ರೋಮೀಟರ್: ಉಗುರಿಗೆ ಒಳ್ಳೆಯ ಮೆಟ್ಟಿಲು, ಮತ್ತು 200 ನ್ಯಾನೋಮೀಟರಿನ ಸ್ಪ್ಯಾಚುಲಾಕ್ಕೆ ಒಂದೊಂದು ಕಣವೂ ಬಯಲು. ಹಲ್ಲಿಗೆ ನಿಜವಾಗಿ ಕಷ್ಟವಾಗುವುದು ಕಣ್ಣಿಗೆ ನುಣುಪಾಗಿ ಕಾಣುವ ಪಾಲಿಶ್ ಹಾಳೆಗಳಲ್ಲಿ. ಒರಟುತನದ ಸರಾಸರಿ ಎತ್ತರ 100ರಿಂದ 300 ನ್ಯಾನೋಮೀಟರ್ ಇದ್ದಾಗ ಉಬ್ಬುತಗ್ಗು ಸ್ಪ್ಯಾಚುಲಾದ ಗಾತ್ರಕ್ಕೇ ಹೊಂದುತ್ತದೆ. ಸಟ್ಟುಗ ಉಬ್ಬಿನ ನೆತ್ತಿಯ ಮೇಲೆ ಚಪ್ಪಟೆಯಾಗಿ ಮಲಗುವುದಿಲ್ಲ, ತಗ್ಗಿನೊಳಗೂ ಇಳಿಯುವುದಿಲ್ಲ. ಉಗುರಿಗಂತೂ ಅಲ್ಲಿ ಏನೂ ಸಿಗುವುದಿಲ್ಲ. 0.3 ಮತ್ತು 1 ಮೈಕ್ರೋಮೀಟರ್ ಕಣದ ಲ್ಯಾಪಿಂಗ್ ಫಿಲ್ಮನ್ನು, ಅಂದರೆ ಹೊಳಪು ಕೊಡುವ ಅತಿ ನುಣುಪಿನ ಉಜ್ಜುಹಾಳೆಯನ್ನು, 12 ಮೈಕ್ರೋಮೀಟರಿನದರ ಪಕ್ಕದಲ್ಲಿಟ್ಟು ನೋಡಿ. ಈ ಹೋಲಿಕೆಯಷ್ಟು ಕಲಿಸುವ ಪರೀಕ್ಷೆ ನನಗೆ ಬೇರೆ ಸಿಕ್ಕಿಲ್ಲ.

ನೀರಿನ ಪರೀಕ್ಷೆ ಕೊನೆಗಿರಲಿ. ಬೆರಳಿನ ಪಟ್ಟಿ ಒಣಗಿರುವಾಗ ನೀರನ್ನು ಹನಿಹನಿಯಾಗಿ ಉರುಳಿಸಿಬಿಡುತ್ತದೆ, ನೆನೆದರೆ ಆ ಗುಣ ಹೋಗುತ್ತದೆ. ಒಣಗಿ ಸುಧಾರಿಸಿಕೊಳ್ಳಲು ಸಮಯ ಬೇಕು. ಗಾಜಿನ ಮೇಲೆ ನೀರು ತೆಳುವಾಗಿ ಹರಡಿ ಪಾದಕ್ಕೂ ಗಾಜಿಗೂ ನಡುವೆ ನಿಲ್ಲುತ್ತದೆ, ಹಲ್ಲಿ ಜಾರುತ್ತದೆ. ಮೇಣದಂಥ, ನೀರನ್ನು ಒಲ್ಲದ ಮೇಲ್ಮೈಯಲ್ಲಿ ಪಾದ ಒತ್ತಿದಾಗ ನೀರು ಪಕ್ಕಕ್ಕೆ ಸರಿದು ಒಣ ಸಂಪರ್ಕ ಉಳಿಯುತ್ತದೆ, ಒದ್ದೆಯಾದರೂ ಹಿಡಿತ ಹೆಚ್ಚು ತಗ್ಗುವುದಿಲ್ಲ. ಮಳೆಯಲ್ಲಿ ಎಲೆಯ ಮೇಲೆ ಓಡಾಡುವ ಜಾತಿಗಳಿಗೆ ಇದರಿಂದಲೇ ಅನುಕೂಲ. ಒಣ ಟೆಫ್ಲಾನಿಗಿಂತ ಒದ್ದೆ ಟೆಫ್ಲಾನಿನ ಮೇಲೆ ತೋಕೇ ಹಲ್ಲಿ ಚೆನ್ನಾಗಿ ಹಿಡಿಯುತ್ತದೆ ಎಂದು 2013ರಲ್ಲಿ ಪ್ರಕಟವಾಯಿತು. ಆದ್ದರಿಂದ 'ಒದ್ದೆ' ಎಂದಷ್ಟೇ ಬರೆದರೆ ಸಾಲದು, ನೀರು ಹನಿಯಾಗಿತ್ತೋ ಪದರವಾಗಿತ್ತೋ ಎಂಬುದನ್ನೂ ಬರೆಯಬೇಕು.

ದೂಳಿನ ವಿಷಯದಲ್ಲಿ ಕಾಯುವುದೊಂದೇ ಕೆಲಸ. ಪಾದವನ್ನು ಬಟ್ಟೆಯಿಂದ ಒರೆಸಬೇಡಿ, ಶುದ್ಧ ಗಾಜಿನ ಮೇಲೆ ನಡೆಯಲು ಬಿಡಿ. ಕಣಗಳು ಸೀಟಾಕ್ಕಿಂತ ಗಾಜಿಗೇ ಹೆಚ್ಚು ಅಂಟುವುದರಿಂದ ಹೆಜ್ಜೆ ಇಟ್ಟಂತೆ ಪಾದ ಶುದ್ಧವಾಗುತ್ತದೆ. ಪುಡಿ ಉದುರುವ ಗೋಡೆಯಲ್ಲಿ ಮಾತ್ರ ಈ ಉಪಾಯ ನಡೆಯುವುದಿಲ್ಲ. ಅಲ್ಲಿ ಪಾದ ಪುಡಿಗೆ ಭದ್ರವಾಗಿಯೇ ಅಂಟಿರುತ್ತದೆ, ಪುಡಿಯೇ ಗೋಡೆ ಬಿಟ್ಟು ಬರುತ್ತದೆ.

ಸಂಪರ್ಕವನ್ನು ಕಣ್ಣಾರೆ ನೋಡಲು 8 ಮಿಲಿಮೀಟರ್ ದಪ್ಪದ ಅಕ್ರಿಲಿಕ್ ಹಾಳೆಯ ಅಂಚಿಗೆ ಬಿಳಿ ಎಲ್‌ಇಡಿ ಪಟ್ಟಿ ಅಂಟಿಸುತ್ತೇನೆ. ಅಂಚನ್ನು 400, 1000, 2000ರ ನಂಬರಿನ ನೀರುಕಾಗದದಿಂದ (ನೀರು ಹಾಕಿ ಉಜ್ಜುವ ಸ್ಯಾಂಡ್‌ಪೇಪರ್) ಸರದಿಯಂತೆ ಉಜ್ಜಿ ಹೊಳಪು ಬರಿಸಬೇಕು, ಬೆಳಕು ಸೋರದಂತೆ ಕಪ್ಪು ಟೇಪು ಸುತ್ತಬೇಕು. ಬೆಳಕು ಹಾಳೆಯೊಳಗೇ ಪುಟಿಯುತ್ತಾ ಸಾಗುತ್ತದೆ. ಏನಾದರೂ ನಿಜವಾಗಿ ತಾಗಿದ ಕಡೆ ಮಾತ್ರ ಹೊರಚೆಲ್ಲುತ್ತದೆ. ಕೋಣೆ ಕತ್ತಲು ಮಾಡಿ, ಕೆಳಗಿನಿಂದ ಮೊಬೈಲಿನಲ್ಲಿ ಸೆಕೆಂಡಿಗೆ 240 ಚಿತ್ರದಂತೆ ತೆಗೆಯಿರಿ, ಎಕ್ಸ್‌ಪೋಷರ್ ಲಾಕ್ ಮಾಡಿ. ಅಕ್ರಿಲಿಕ್‌ಗೆ ಆಲ್ಕೋಹಾಲ್ ಹಾಕಬೇಡಿ, ಸೂಕ್ಷ್ಮವಾಗಿ ಬಿರಿಯುತ್ತದೆ. ಒಣ ಬಟ್ಟೆಯಿಂದ ಉಜ್ಜಿದರೆ ವಿದ್ಯುತ್ ಹುಟ್ಟಿ ದೂಳು ಸೆಳೆಯುತ್ತದೆ, ಒದ್ದೆ ಬಟ್ಟೆಯೇ ಒಳ್ಳೆಯದು.

ಪಾದ ಇಳಿದಾಗ ಮೊದಲು ಬೆರಳಿನ ಬುಡದ ಪಟ್ಟಿ ಬೆಳಗುತ್ತದೆ, ಬೆಳಕು ತುದಿಯ ಕಡೆಗೆ ಓಡುತ್ತದೆ. ಎತ್ತುವಾಗ ತುದಿಯಿಂದ ಬುಡಕ್ಕೆ ಒಂದೊಂದೇ ಪಟ್ಟಿ ಆರುತ್ತದೆ. ಎಲ್ಲ ಪಟ್ಟಿಯೂ ಒಮ್ಮೆಗೇ ಬೆಳಗುವುದು ಅಪರೂಪ. ತಲೆ ಕೆಳಗಾಗಿ ಇಳಿಯುವಾಗ ಹಿಂಗಾಲನ್ನು ಗಮನಿಸಿ: ಪಾದ ಹಿಂದಕ್ಕೆ ತಿರುಗಿ, ಬೆರಳುಗಳು ಬಾಲದತ್ತ ಚಾಚಿರುತ್ತವೆ. ದೇಹದ ಭಾರ ಆಗ ಸೀಟಾಗಳನ್ನು ಮತ್ತೆ ಬೇಕಾದ ದಿಕ್ಕಿಗೇ ಎಳೆಯುತ್ತದೆ.