ದೇಹವನ್ನೇ ಮಾಧ್ಯಮವಾಗಿಸಿ ದೀರ್ಘಾವಧಿಯ ಪರ್ಫಾರ್ಮೆನ್ಸ್ ಕಟ್ಟುವ ಕ್ರಮ

ದೇಹದ ಕ್ರಿಯೆಯನ್ನೇ ಕೃತಿಯಾಗಿ ಮುಂದಿಡುವ ಈ ಪರ್ಫಾರ್ಮೆನ್ಸ್ ಕಲೆಗೆ ಹೊಸಬರಾದವರು ಸಾಮಾನ್ಯವಾಗಿ ‘ಎಷ್ಟು ನೋವು ತಾಳಬಲ್ಲೆ’ ಎಂಬ ಪ್ರಶ್ನೆಯಿಂದ ಹೊರಡುತ್ತಾರೆ. ಹೊರಡಬೇಕಾದದ್ದು ನಿಯಮದಿಂದ. ಏನು ಮಾಡುತ್ತೇನೆ, ಎಷ್ಟು ಹೊತ್ತು ಮಾಡುತ್ತೇನೆ, ಯಾವಾಗ ನಿಲ್ಲಿಸುತ್ತೇನೆ ಎಂಬ ಮೂರನ್ನೂ ಎರಡು ವಾಕ್ಯಗಳಲ್ಲಿ ಬರೆಯಲಾಗದಿದ್ದರೆ ಕೃತಿ ಇನ್ನೂ ಹದಕ್ಕೆ ಬಂದಿಲ್ಲವೆಂದೇ ತಿಳಿಯಿರಿ.

ನಿಯಮದ ಬಲಕ್ಕೆ ಪರ್ಫಾರ್ಮೆನ್ಸ್ ಕಲಾವಿದ ಟೆಹ್ಚಿಂಗ್ ಶೇ ಅವರ ಕೃತಿಯೊಂದು ಸಾಕು. 1980ರ ಏಪ್ರಿಲ್‌ನಿಂದ ಒಂದು ವರ್ಷ ಅವರು ನ್ಯೂಯಾರ್ಕಿನ ತಮ್ಮ ಸ್ಟುಡಿಯೊದಲ್ಲಿ ಹಗಲಿರುಳೆನ್ನದೆ ಗಂಟೆಗೊಮ್ಮೆ ಹಾಜರಿ ಯಂತ್ರದಲ್ಲಿ ಕಾರ್ಡು ಒತ್ತಿದರು, ಪ್ರತಿ ಸಲವೂ ಕ್ಯಾಮೆರಾದ ಒಂದು ಫ್ರೇಮಿಗೆ ಮುಖ ಕೊಟ್ಟರು. ಮೊದಲ ದಿನ ತಲೆ ಬೋಳಿಸಿಕೊಂಡಿದ್ದರಿಂದ ಚಿತ್ರದಿಂದ ಚಿತ್ರಕ್ಕೆ ಬೆಳೆಯುವ ಕೂದಲೇ ಕಾಲದ ಲೆಕ್ಕವಾಯಿತು. ಒಂದು ಹನಿ ರಕ್ತವಿಲ್ಲ. ಆದರೂ ಒಂದು ವರ್ಷ ಒಮ್ಮೆಯೂ ನೆಮ್ಮದಿಯಾಗಿ ನಿದ್ರಿಸದ ದೇಹವೊಂದು ಅಲ್ಲಿ ಕಾಣುತ್ತದೆ.

ನಿಯಮವನ್ನು ಬರೆದಾದ ಮೇಲೆ ದೇಹವನ್ನು ಅದಕ್ಕೆ ಪಳಗಿಸಬೇಕು. ಅಲುಗದೆ ನಿಲ್ಲುವುದನ್ನೇ ತೆಗೆದುಕೊಳ್ಳಿ: ನೋಡಲು ಸುಲಭ, ಮಾಡಲು ಕಷ್ಟ. ಮೀನಖಂಡದ ಸ್ನಾಯುಗಳು ಕುಗ್ಗಿ ಹಿಗ್ಗುವುದರಿಂದಲೇ ಕಾಲಿನ ರಕ್ತ ಮೇಲಕ್ಕೆ ಹರಿಯುತ್ತದೆ; ಅವು ಸುಮ್ಮನಾದರೆ ರಕ್ತ ಕೆಳಗೆ ನಿಂತು, ಮಿದುಳಿಗೆ ಹೋಗುವ ಪ್ರಮಾಣ ತಗ್ಗಿ, ತಲೆ ಸುತ್ತಬಹುದು, ಕಣ್ಣು ಕತ್ತಲೆಗಟ್ಟಬಹುದು. ಆದ್ದರಿಂದ ಮಂಡಿಯನ್ನು ಹಿಂದಕ್ಕೆ ಬಿಗಿಯದೆ ಕೂದಲೆಳೆಯಷ್ಟು ಬಾಗಿಸಿಡಿ. ನೋಡುವವರಿಗೆ ತಿಳಿಯದಂತೆ ಭಾರವನ್ನು ಹಿಮ್ಮಡಿಯಿಂದ ಮುಂಗಾಲಿಗೆ ದಾಟಿಸುತ್ತಿರಿ. ಅಭ್ಯಾಸವನ್ನು 20 ನಿಮಿಷದಿಂದ ಆರಂಭಿಸಿ, ಹೆಚ್ಚಿಸುವ ಮುನ್ನ ಒಂದು ದಿನ ಬಿಡುವು ಕೊಡಿ. ರಕ್ತದೊತ್ತಡ, ಹೃದಯ ಅಥವಾ ಮೂರ್ಛೆಯ ತೊಂದರೆ ಇರುವವರು ವೈದ್ಯರನ್ನು ಕೇಳದೆ ಇದಕ್ಕೆ ಇಳಿಯಬಾರದು.

ನಿಲ್ಲಿಸುವ ಅಧಿಕಾರ ನಿಮ್ಮೊಬ್ಬರ ಕೈಯಲ್ಲಿ ಮಾತ್ರ ಇರಕೂಡದು. 1974ರಲ್ಲಿ ಬೆಲ್‌ಗ್ರೇಡ್‌ನಲ್ಲಿ ಪರ್ಫಾರ್ಮೆನ್ಸ್ ಕಲಾವಿದೆ ಮರೀನಾ ಅಬ್ರಮೋವಿಚ್ ಉರಿಯುವ ನಕ್ಷತ್ರಾಕೃತಿಯ ನಡುವೆ ಮಲಗಿದ್ದಾಗ ಆಮ್ಲಜನಕ ಸಾಲದೆ ಪ್ರಜ್ಞೆ ತಪ್ಪಿದರು. ಪ್ರೇಕ್ಷಕರು ಅವರನ್ನು ಎತ್ತಿ ಹೊರತಂದರು. ಅದೇ ವರ್ಷ ನೇಪಲ್ಸ್‌ನಲ್ಲಿ 72 ವಸ್ತುಗಳನ್ನು ಮೇಜಿನ ಮೇಲಿಟ್ಟು, ಆರು ಗಂಟೆ ಕಾಲ ತಮ್ಮ ದೇಹದ ಮೇಲೆ ಅವನ್ನು ಹೇಗೆ ಬೇಕಾದರೂ ಬಳಸಲು ಪ್ರೇಕ್ಷಕರಿಗೆ ಬಿಟ್ಟಾಗ, ಗುಂಡು ತುಂಬಿದ ಪಿಸ್ತೂಲನ್ನು ಅವರಿಗೇ ಗುರಿ ಹಿಡಿಯುವಷ್ಟು ದೂರ ಸಂಗತಿ ಹೋಯಿತು. ಇವನ್ನು ಮಾದರಿಯೆಂದಲ್ಲ, ಎಚ್ಚರಿಕೆಯೆಂದು ಓದಬೇಕೆಂಬುದು ನನ್ನ ನಿಲುವು. ನಿಮ್ಮ ಮುಖಚರ್ಯೆ ಬಲ್ಲ ಒಬ್ಬರನ್ನು ಹತ್ತಿರದಲ್ಲೇ ನಿಲ್ಲಿಸಿ, ಯಾವ ಸೂಚನೆ ಕಂಡರೆ ನಿಮ್ಮನ್ನು ಕೇಳದೆಯೇ ನಿಲ್ಲಿಸಬೇಕೆಂದು ಮೊದಲೇ ಬರೆದುಕೊಡಿ.

ಇನ್ನು ನಿಮ್ಮನ್ನು ನೀವು ತೋರಿಸಿಕೊಳ್ಳುವ ಬಗೆ. ಉಡುಪು, ದೃಷ್ಟಿ, ಪ್ರೇಕ್ಷಕರಿಂದ ಇರುವ ದೂರ, ಮೂರೂ ಅರ್ಥ ಹುಟ್ಟಿಸುತ್ತವೆ. 1964ರಲ್ಲಿ ಕಲಾವಿದೆ ಯೋಕೊ ಓನೊ ವೇದಿಕೆಯಲ್ಲಿ ಸುಮ್ಮನೆ ಕುಳಿತು, ತಮ್ಮ ಬಟ್ಟೆಯನ್ನು ಕತ್ತರಿಸಿಕೊಳ್ಳಲು ಪ್ರೇಕ್ಷಕರಿಗೆ ಬಿಟ್ಟರು. ಅಲ್ಲಿ ಬಯಲಾದದ್ದು ಕತ್ತರಿ ಹಿಡಿದವರ ಸ್ವಭಾವವೂ ಹೌದು. ಕ್ಯಾಮೆರಾವನ್ನು ಎಲ್ಲಿಡಬೇಕೆಂಬುದನ್ನು ಛಾಯಾಗ್ರಾಹಕರಿಗೆ ಬಿಡದೆ ನೀವೇ ನಿರ್ಧರಿಸಿ, ಏಕೆಂದರೆ ನಂತರ ಬರುವವರಿಗೆ ಉಳಿಯುವುದು ಆ ಚಿತ್ರವೇ.

ದಾಖಲೆಯಲ್ಲಿ ತಪ್ಪುಗಳನ್ನೂ ಇಡಿ. ಟೆಹ್ಚಿಂಗ್ ಶೇ ಅವರು 8,760 ಸಲ ಒತ್ತಬೇಕಿದ್ದ ಕಾರ್ಡಿನಲ್ಲಿ 133 ತಪ್ಪಿದವು. 94 ನಿದ್ದೆಯಿಂದ, 29 ತಡವಾಗಿ, 10 ಬೇಗನೆ ಒತ್ತಿದ್ದರಿಂದ ಎಂದು ಅವರೇ ಲೆಕ್ಕ ಕೊಟ್ಟರು. ನಿಮ್ಮ ಕಾಲು ಎಷ್ಟನೇ ನಿಮಿಷದಲ್ಲಿ ನಡುಗಿತೆಂಬುದನ್ನು ಅದೇ ದಿನ, ವಿಡಿಯೊ ನೋಡುವ ಮೊದಲೇ ಬರೆದಿಡಿ. ನೋಡಿದ ಮೇಲೆ ದೇಹದ ನೆನಪಿನ ಜಾಗವನ್ನು ಚಿತ್ರ ಆಕ್ರಮಿಸಿಬಿಡುತ್ತದೆ.